ಮಿಡಲ್ ಲೇನಿನ ಕೊನೆಯ ಮನೆ

ಫೋನಿನಲ್ಲಿ ಬಂದ ದನಿ ಆರ್ಥರ್ ಅವರದು. ತೊಂಬತ್ತರ ಹತ್ತಿರದ ಇಂಗ್ಲಿಷ್ ಮುದುಕ. ಫೋನು ಹಿಡಿದರೆ ಹೊಳೆಯ ಆಚೆ ದಡದವರನ್ನು ಕರೆಯುವಂತೆ ಕೂಗಿ ಮಾತಾಡುವವರು. ಅವತ್ತು ಕೂಗಲಿಲ್ಲ. "ನಿಮ್ಮ ಅಕ್ಕ ಹೋದರು," ಎಂದರು. ನಾನು ಕರೆಯುವುದನ್ನು ಕೇಳಿ ಕೇಳಿ ಅವರೂ 'ಅಕ್ಕ' ಎಂಬ ಆ ಒಂದು ಕನ್ನಡ ಪದ ಕಲಿತಿದ್ದರು. ಹಾಲೆಂಡಿನ ಜೂಟರ್‌ಮೀರಿನ ನಮ್ಮ ಅಡುಗೆಮನೆಯಲ್ಲಿ ದೋಸೆ ಹುಯ್ಯುತ್ತ ನಿಂತಿದ್ದ ನಾನು "ಎಲ್ಲಿಗೆ?" ಎಂದು ಕೇಳಿಬಿಟ್ಟೆ. ಅವರು ಆಸ್ಪತ್ರೆಯ ಹೆಸರು ಹೇಳಿದರು. ಜ್ವರ ಬಂದಿತ್ತಂತೆ, ಎದೆಯಲ್ಲಿ ಕಫ ಕಟ್ಟಿತ್ತಂತೆ, ಯಾರಿಗೂ ತಿಳಿಸಬೇಡಿ ಎಂದಿದ್ದರಂತೆ. ಹೆಂಚಿನ ಮೇಲೆ ದೋಸೆ ಕರಕಲಾಯಿತು. ಮಗಳು ಓಡಿ ಬಂದು ಕಿಟಕಿ ತೆರೆದು, ಏನಾಯಿತಮ್ಮ ಎಂದು ಡಚ್ಚಿನಲ್ಲಿ ಕೇಳಿದಳು. ನಾನು ಒಲೆ ಆರಿಸಿದೆ.

ಆ ಮುದುಕ ಉಳಿದು ಇವರು ಹೋಗುವುದು ಹೇಗೆ ಸಾಧ್ಯ? ಇವರಿಗಿನ್ನೂ ಎಪ್ಪತ್ತು ತುಂಬಿರಲಿಲ್ಲ. ಸುದ್ದಿ ಬಂದು ವಾರಗಳಾದರೂ ನನ್ನ ತಲೆ ಆ ಲೆಕ್ಕವನ್ನು ಒಪ್ಪುತ್ತಿಲ್ಲ.

ಲೆಕ್ಕ ಎಂದ ಕೂಡಲೇ ಅವರೇ ಕಣ್ಣ ಮುಂದೆ ಬರುತ್ತಾರೆ. ಯುಟ್ರೆಕ್ಟಿನ ನಮ್ಮ ಕಚೇರಿಯ ಕೆಲಸವೇ ಕಡಲ ತೀರಗಳ ಲೆಕ್ಕ ಹಾಕುವುದು. ಯಾವ ತೀರ ಯಾವ ವರ್ಷದ ಹೊತ್ತಿಗೆ ಎಷ್ಟು ಕೊರೆದುಹೋಗುತ್ತದೆ, ಎಲ್ಲಿ ಗೋಡೆ ಕಟ್ಟಬೇಕು, ಎಲ್ಲಿ ಕಟ್ಟಿ ಪ್ರಯೋಜನವಿಲ್ಲ ಎಂದು ಬೇರೆ ಬೇರೆ ದೇಶದ ಸರಕಾರಗಳಿಗೆ ಹೇಳುವುದು. ಮೈಸೂರಿನಿಂದ ಓದಲು ಬಂದವಳು ನಾನು. ಕೆಲಸಕ್ಕೆ ಸೇರಿದ ಮೊದಲ ದಿನ ಅವರ ಕೆಳಗೆ ಹಾಕಿದರು. ಗಿಡ್ಡ ಹೆಂಗಸು, ಕತ್ತರಿಸಿದ ಬಿಳಿ ಕೂದಲು, ಗಂಡಸರ ಮಳೆಕೋಟು. ನನ್ನ ಹೆಸರು ನೋಡಿ, "ಕನ್ನಡದವಳಾ? ನಾನು ಉಳ್ಳಾಲದವಳು. ಕೂತ್ಕೋ, ಊಟ ತಂದಿದ್ದೀಯಾ?" ಎಂದರು. ಮೇಡಂ ಎಂದದ್ದಕ್ಕೆ ಗದರಿದರು. ಅಂದಿನಿಂದ ಅಕ್ಕ.

ಅವರಿಗೆ ಕಡಲಿನ ಬಗ್ಗೆ ಕವಿತೆ ಹೇಳುವವರನ್ನು ಕಂಡರೆ ಆಗುತ್ತಿರಲಿಲ್ಲ. ಒಮ್ಮೆ ನಾನು ವರದಿಯೊಂದರಲ್ಲಿ ಸಮುದ್ರ ಊರನ್ನು ನುಂಗುತ್ತಿದೆ ಎಂದು ಬರೆದಿದ್ದೆ. ಕರೆದು ಕೂರಿಸಿದರು. "ಕಡಲಿಗೆ ಹಸಿವೆ ಇಲ್ಲ, ಸಿಟ್ಟೂ ಇಲ್ಲ ಮಾರಾಯ್ತಿ. ಅದು ನೀರು. ಈ ಸಾಲು ತೆಗಿ." ಹೀಗೆ ಹೇಳುವಾಗ ಒಂದು ಅಂಗೈಯನ್ನು ನೆಲದ ಹಾಗೆ ಚಪ್ಪಟೆ ಹಿಡಿದು, ಇನ್ನೊಂದು ಕೈಯ ಬೆರಳುಗಳಿಂದ ಅದರ ಅಡಿಯನ್ನು ಕೆರೆಯುತ್ತಿದ್ದರು. ಮೇಲಿನ ಕೈ ಗಟ್ಟಿಯಾಗಿಯೇ ಕಾಣುತ್ತಿತ್ತು. ಇದ್ದಕ್ಕಿದ್ದಂತೆ ಕೆಳಗೆ ಬೀಳುತ್ತಿತ್ತು. ಎಷ್ಟು ಸಲ ನೋಡಿದ್ದರೂ ಪ್ರತಿ ಸಲ ನಾನು ಬೆಚ್ಚುತ್ತಿದ್ದೆ.

ಕನ್ನಡದವರು ತಮ್ಮ ಕೂಟಗಳಿಗೆ ಅವರನ್ನು ಕರೆಯಲು ಸ್ವಲ್ಪ ಹೆದರುತ್ತಿದ್ದರು. ಒಂದು ದೀಪಾವಳಿಗೆ ನಮ್ಮ ಪಕ್ಕದ ಬೀದಿಯಲ್ಲಿ ಹೊಸ ಮನೆ ಕೊಂಡ ಬೆಂಗಳೂರಿನ ದಂಪತಿ ಊಟಕ್ಕೆ ಕರೆದಿದ್ದರು. ಮನೆಯಾತ ಹೆಮ್ಮೆಯಿಂದ ಗಾರ್ಡನ್ ತೋರಿಸುತ್ತಿದ್ದರೆ ಇವರು ಬಾಗಿಲಿನ ತೋರಣ ನೋಡಿ, "ಚಂದ ಕಟ್ಟಿದ್ದೀರಿ. ಈ ಮನೆ ಕಡಲಿಗಿಂತ ಕೆಳಗೆ ಉಂಟು, ಗೊತ್ತುಂಟಲ್ಲ?" ಎಂದರು. ಆತನ ಹೆಂಡತಿಯ ಕೈಯಲ್ಲಿದ್ದ ಹೋಳಿಗೆ ತಟ್ಟೆ ಅಲ್ಲೇ ನಿಂತಿತು. "ಹೆದರ್ಬೇಡಿ. ಈ ಡಚ್ಚರು ನೀರೆತ್ತುವ ಪಂಪ್ ನಿಲ್ಲಿಸುದಿಲ್ಲ. ನಿಮ್ಮ ಹಿಂದೆ ಮುಂದೆ ಲಕ್ಷಗಟ್ಟಲೆ ಜನ ಇದ್ದಾರೆ," ಎಂದು ಸಮಾಧಾನ ಹೇಳಿ ಎರಡು ಹೋಳಿಗೆ ತಿಂದರು.

ರೈಸ್‌ವೈಕಿನ ಅವರ ಫ್ಲಾಟಿನಲ್ಲಿ ಗಂಡ, ಮಕ್ಕಳು ಇರಲಿಲ್ಲ. ಮದುವೆ ಯಾಕೆ ಆಗಲಿಲ್ಲ ಎಂದು ಕೇಳುವ ಧೈರ್ಯ ನನಗೆ ಬರಲಿಲ್ಲ. ಭಾನುವಾರ ಮಾರುಕಟ್ಟೆಯಿಂದ ಕಪ್ಪು ಚಿಪ್ಪಿನ ಮೀನು ತಂದು, ತೆಂಗಿನಕಾಯಿ ಅರೆದು, ಅಕ್ಕಿಯ ಉಂಡೆ ಹಬೆಯಲ್ಲಿ ಬೇಯಿಸಿ ಪುಂಡಿ ಮಾಡಿ ಉಣ್ಣುತ್ತಿದ್ದರು. ನನಗೆ ಬೇರೆ ಪಾತ್ರೆಯಲ್ಲಿ ಬೇಳೆಸಾರು. ಉಳ್ಳಾಲದ ತಮ್ಮನೊಬ್ಬ ಆಗಾಗ ಫೋನು ಮಾಡುತ್ತಿದ್ದ.

ಆ ಇಂಗ್ಲಿಷ್ ಹಳ್ಳಿ ನಮ್ಮ ಟೇಬಲ್ಲಿಗೆ ಬಂದದ್ದು ನನ್ನ ಎರಡನೆಯ ವರ್ಷ. ಇಂಗ್ಲೆಂಡಿನ ಪೂರ್ವ ಕರಾವಳಿಯ ಪುಟ್ಟ ಊರು. ಅದರ ಹೆಸರು ಇಲ್ಲಿ ಬೇಡ. ಮಧ್ಯಾಹ್ನದ ಊಟದ ಹೊತ್ತಿಗೆ ಅಕ್ಕ ನಕ್ಷೆಗಳನ್ನು ಹರಡಿ ಅದರ ಕತೆ ಹೇಳುತ್ತಿದ್ದರು. ಅಲ್ಲಿ ಬಂಡೆಯೇ ಇಲ್ಲ. ಎಷ್ಟೋ ಸಾವಿರ ವರ್ಷಗಳ ಹಿಂದೆ ಉತ್ತರದಿಂದ ಜಾರಿ ಬಂದ ಹಿಮ ತಂದು ಸುರಿದ ಜೇಡಿಮಣ್ಣು, ನಡುನಡುವೆ ಕಲ್ಲುಗುಂಡು. ಅದೇ ಮಣ್ಣಿನ ದಿಬ್ಬದ ಮೇಲೆ ಊರು, ಊರ ಹಿಂದೆ ಬಾರ್ಲಿ ಮತ್ತು ಸಕ್ಕರೆಗೆಡ್ಡೆಯ ಹೊಲ. ಹಳೆಯ ನಕ್ಷೆಯಲ್ಲಿ ಕಡಲಿಗೆ ಸಮನಾಗಿ ಮೂರು ಬೀದಿಗಳಿದ್ದವು: ಸೀ ಲೇನ್, ಮಿಡಲ್ ಲೇನ್, ಹಿಲ್ ಲೇನ್. ಸೀ ಲೇನಿನಲ್ಲಿ ಮೀನಿಗೆ ಹೊಗೆ ಹಾಕುವ ಮನೆಗಳು, ದೋಣಿ ಕಟ್ಟುವವರು, ಒಂದು ಹೆಂಡದಂಗಡಿ. ಈಗ ಆ ಬೀದಿಯೇ ಇಲ್ಲ. ಮಧ್ಯದ ಬೀದಿ ಎಂಬ ಹೆಸರು ಹೊತ್ತ ಬೀದಿ ಈಗ ಕಡಲಿಗೆ ಕಡಿದಾಗಿ ಇಳಿಯುವ ದರೆಯ ಅಂಚಿನಲ್ಲಿದೆ.

ಚರ್ಚು ಮೂರನೆಯದು. ಮೊದಲನೆಯದು ಕುಸಿಯುವ ಮುಂಚೆ ಜನ ಅದರ ಕಲ್ಲು ಬಿಚ್ಚಿ ಗಾಡಿಯಲ್ಲಿ ಹೇರಿ ಎರಡನೆಯದನ್ನು ಕಟ್ಟಿದರು. ಅದೂ ಹೋಯಿತು. ಮೂರನೆಯದನ್ನು ಎಷ್ಟು ಒಳಗೆ ಕಟ್ಟಿದರೆಂದರೆ, ಭಾನುವಾರ ಅಷ್ಟು ದೂರ ನಡೆಯಬೇಕೆಂದು ಮುದುಕಿಯರು ಗೊಣಗಿದರಂತೆ. ಚರ್ಚಿಗೂ ಕಡಲಿಗೂ ನಡುವಿನ ಆ ದೂರ ಈಗ ಮುಗಿದಿದೆ. ಯುದ್ಧದ ಕಾಲದಲ್ಲಿ ದರೆಯ ಮೇಲೆ ಕಟ್ಟಿದ ಕಾಂಕ್ರೀಟಿನ ಬಂದೂಕಿನ ಗೂಡು ಈಗ ಕೆಳಗೆ ಮರಳಿನಲ್ಲಿ ತಲೆಕೆಳಗಾಗಿ ಬಿದ್ದಿದೆ. ಮಕ್ಕಳು ಅದರ ಮೇಲೆ ಕೂತು ಚಿಪ್ಸ್ ತಿನ್ನುತ್ತಾರೆ.

ಅಕ್ಕನ ಲೆಕ್ಕ ಸ್ಪಷ್ಟವಾಗಿತ್ತು. ಗೋಡೆ ಕಟ್ಟಬಾರದು. ಊರನ್ನು ಬಿಟ್ಟುಕೊಡಬೇಕು.

ಈ ಮಾತನ್ನು ಊರಿನವರಿಗೆ ತಾವೇ ಹೇಳುತ್ತೇನೆಂದು ಹಟ ಹಿಡಿದು ಹೊರಟರು, ನನ್ನನ್ನೂ ಕರೆದುಕೊಂಡು. ಹೂಕ್ ಫಾನ್ ಹಾಲಂಡ್ ಬಂದರಿನಿಂದ ಹಡಗು ಹತ್ತಿ, ಆಮೇಲೆ ರೈಲು, ಆಮೇಲೆ ಬಸ್ಸು. ಊರಿನ ಸಭಾಂಗಣದಲ್ಲಿ ಹೆಂಗಸರು ಕೇಕು ಮಾಡಿಟ್ಟಿದ್ದರು. ಒಳ್ಳೆಯ ಸುದ್ದಿ ತಂದಿದ್ದೇವೆಂದು ಅವರು ಅಂದುಕೊಂಡಿರಬೇಕು. ಅಕ್ಕ ನಕ್ಷೆ ತೋರಿಸಿದರು, ವರ್ಷಗಳನ್ನು ಹೇಳಿದರು. ಯಾರೂ ಕೇಕು ಮುಟ್ಟಲಿಲ್ಲ.

ಕೊನೆಗೆ ಬಾರ್ಲಿ ಬೆಳೆಯುವ ರೈತನೊಬ್ಬ ಎದ್ದ. ಕೆಂಪು ಮುಖದ ದೊಡ್ಡ ಆಳು.

"ನೀವು ಹಾಲೆಂಡಿನವರು ಕಡಲಿನ ಕೆಳಗೆ ಬದುಕುತ್ತೀರಿ. ಕಡಲಿನ ಮೇಲಿರುವ ನಮಗೆ ಇಲ್ಲಿ ಬದುಕಲು ಆಗುವುದಿಲ್ಲ ಅಂತ ಹೇಳಲು ಬಂದಿದ್ದೀರಾ?"

"ಅಲ್ಲಿ ಗೋಡೆಯ ಹಿಂದೆ ಲಕ್ಷಗಟ್ಟಲೆ ಜನ ಇದ್ದಾರೆ," ಎಂದರು ಅಕ್ಕ. "ನಿಮ್ಮ ಹಿಂದೆ ಬಾರ್ಲಿ ಇದೆ."

ಕುರ್ಚಿಗಳು ಕಿರುಗುಟ್ಟಿದವು. ಮುಂದಿನ ಸಾಲಿನ ಹೆಂಗಸೊಬ್ಬಳು ಬಾಯಿಗೆ ಕೈ ಇಟ್ಟುಕೊಂಡಳು. ನನಗೆ ನೆಲ ಬಿರಿದು ಒಳಗೆ ಹೋಗಬೇಕೆನ್ನಿಸಿತು. ಇಷ್ಟು ನೇರವಾಗಿ ಯಾರಾದರೂ ಹೇಳುತ್ತಾರೆಯೇ? ಅಕ್ಕ ಮಾತ್ರ ಕನ್ನಡಕ ಒರೆಸಿಕೊಂಡು ಮುಂದಿನ ಪ್ರಶ್ನೆಗೆ ಕಾದರು.

ಜನ ಹೊರಡುವಾಗ ಚಹಾದ ಕೊಳಗದ ಪಕ್ಕದಲ್ಲಿ ಆರ್ಥರ್ ನಮ್ಮನ್ನು ತಡೆದರು. ಎತ್ತರದ, ಬಾಗಿದ ಮನುಷ್ಯ. ಮೀನು ಹಿಡಿಯುತ್ತಿದ್ದವರು, ಮಿಡಲ್ ಲೇನಿನ ಕೊನೆಯ ಮನೆಯಲ್ಲಿ ಒಬ್ಬರೇ ಇದ್ದರು. ಟೋಪಿ ಕೈಯಲ್ಲಿ ಹಿಡಿದು ಬಹಳ ಮರ್ಯಾದೆಯಿಂದ ಕೇಳಿದರು:

"ನನ್ನ ಹೆಂಡತಿ ಚರ್ಚಿನ ಪೂರ್ವದ ಬದಿಯಲ್ಲಿ ಇದ್ದಾಳೆ. ಅವಳಿಗೆ ನೀವು ಯಾವ ವರ್ಷ ಬರೆದಿದ್ದೀರಿ?"

ನನಗೆ ಮೊದಲು ಅರ್ಥವಾಗಲಿಲ್ಲ. ಅವರು ಕೇಳುತ್ತಿದ್ದದ್ದು ಅವಳ ಗೋರಿಯ ಬಗ್ಗೆ. ಅಕ್ಕ ಅಳುಕಲಿಲ್ಲ. ಯಾವ ಸಾಲು, ಗೋಡೆಯಿಂದ ಎಷ್ಟನೆಯದು ಎಂದು ಕೇಳಿ ನಕ್ಷೆ ನೋಡಿ ವರ್ಷ ಹೇಳಿದರು. ಆರ್ಥರ್ ಮನಸ್ಸಿನಲ್ಲೇ ಕೂಡಿ ಕಳೆದು ಮುಗುಳ್ನಕ್ಕರು. "ಹಾಗಾದರೆ ಆಗ ನಾನಿರುವುದಿಲ್ಲ. ಅಲ್ಲಿಯೇ ಇರಲಿ ಬಿಡಿ ಅವಳು," ಎಂದರು. ಅಕ್ಕನ ಕೈ ಕುಲುಕಿ ಥ್ಯಾಂಕ್ಸ್ ಹೇಳಿದರು. ಅಕ್ಕ ಹಡಗಿನಲ್ಲಿ ವಾಪಸು ಬರುವಾಗ ಕಿಟಕಿಯ ಹತ್ತಿರ ಕೂತರು, ಊಟಕ್ಕೆ ಏಳಲಿಲ್ಲ.

ಆಮೇಲಿನ ಎರಡು ಚಳಿಗಾಲ ಕೆಟ್ಟದಾಗಿ ಬಂದವು. ಆ ತೀರದ ಹೊಸ ಅಳತೆಗಳು ಬಂದಾಗಲೆಲ್ಲ ಅಕ್ಕ ಪರದೆಯ ಮುಂದೆ ಅಲ್ಲಾಡದೆ ಕೂರುತ್ತಿದ್ದರು. ಆ ಕೆಲಸ ಮುಗಿದು, ನಾವು ಬೇರೆ ದೇಶದ ಬೇರೆ ತೀರಕ್ಕೆ ಹೋಗಿಯಾಗಿತ್ತು. ಆದರೂ ಅವರು ಆ ಊರಿನ ರೈತನಿಗೆ ಫೋನು ಮಾಡಿ ದರೆಯ ಫೋಟೋ ತರಿಸಿಕೊಳ್ಳುತ್ತಿದ್ದರು. ಸಭೆಯಲ್ಲಿ ಎದ್ದು ಕೇಳಿದ ಅದೇ ರೈತ.

ಅಕ್ಕನ ನಿವೃತ್ತಿಯ ಸಂಜೆ ಕಚೇರಿಯಲ್ಲಿ ಎಲ್ಲರೂ ಲೋಟ ಹಿಡಿದು ನಿಂತಿದ್ದೆವು. ಮುಖ್ಯಸ್ಥರು ಭಾಷಣ ಮಾಡಿ ಸೈಕಲ್ಲೊಂದನ್ನು ಉಡುಗೊರೆ ಕೊಟ್ಟರು. ನಾನು ಪಕ್ಕಕ್ಕೆ ಕರೆದು ಕೇಳಿದೆ, "ಇನ್ನು ಊರಿಗೇನಾ ಅಕ್ಕ? ಫ್ಲಾಟ್ ಏನ್ಮಾಡ್ತೀರಾ?"

"ಫ್ಲಾಟು ಬಿಟ್ಟೆ. ಊರಿಗಲ್ಲ. ಆರ್ಥರನ ಮನೆಯಲ್ಲಿ ಒಂದು ಕೋಣೆ ಖಾಲಿ ಉಂಟು, ಅಲ್ಲಿಗೆ ಹೋಗುದು."

ನಾನು ತಮಾಷೆ ಎಂದುಕೊಂಡೆ. ಆಮೇಲೆ ಅವರು ತಮಾಷೆ ಮಾಡುವವರಲ್ಲ ಎಂದು ನೆನಪಾಯಿತು.

"ಆ ಮನೆ ಬೀಳತ್ತೆ ಅಂತ ಲೆಕ್ಕ ಹಾಕಿದ್ದೇ ನೀವಲ್ವಾ?"

"ಹೌದು, ಬೀಳ್ತದೆ. ನಾನು ಹೇಳಿದ್ದಕ್ಕಿಂತ ಬೇಗ ಬೀಳ್ತದೆ. ಮನೆ ಬಿಡು, ಸ್ಮಶಾನ ಅದಕ್ಕಿಂತ ಮೊದಲು ಹೋಗ್ತದೆ. ನಾನು ಹೇಳಿದ ವರ್ಷ ನಂಬಿ ಅವನು ಹೆಂಡತಿಯನ್ನು ಅಲ್ಲೇ ಬಿಟ್ಟು ಕೂತಿದ್ದಾನಲ್ಲ ಮಾರಾಯ್ತಿ. ಫೋನಿನಲ್ಲಿ ಹೇಳಿದೆ, ಬೇರೆ ಕಡೆ ಹೂಳಿಸು ಅಂತ. ನೀವೇ ಹೇಳಿದ ವರ್ಷ ಇನ್ನೂ ಬರ್ಲಿಲ್ಲ ಅಂತಾನೆ. ಒಬ್ಬನೇ ಇದ್ದರೆ ಅವನು ಅಲ್ಲಿಂದ ಏಳುದಿಲ್ಲ."

ಸುದ್ದಿ ನಮ್ಮವರಲ್ಲಿ ಹಬ್ಬಿತು. "ನಿಮ್ ಬಾಸ್ ಯಾರೋ ಇಂಗ್ಲಿಷ್ ತಾತನ್ ಜೊತೆ ಹೋಗ್‌ಬಿಟ್ರಂತೆ, ನಿಜಾನಾ?" ಎಂದು ರೈಸ್‌ವೈಕಿನ ಒಬ್ಬರು ಭಜನೆಯ ನಡುವೆಯೇ ಕೇಳಿದರು. ಈ ವಯಸ್ಸಿನಲ್ಲಿ ಎಂದು ಇನ್ನೊಬ್ಬರು ತಲೆಯಾಡಿಸಿದರು. ನಾನು ಏನು ವಿವರಿಸಿದರೂ ಅವರ ಮುಖದ ನಗೆ ಹೋಗಲಿಲ್ಲ.

ಮಾರ್ಚಿನಲ್ಲಿ ನಾನೊಬ್ಬಳೇ ಅವರನ್ನು ನೋಡಲು ಹೋದೆ. ನಾನು ತಲುಪಿದ ದಿನವೇ ಬಿರುಗಾಳಿ. ಮರುದಿನ, ಶನಿವಾರ ಬೆಳಿಗ್ಗೆ ಗಾಳಿ ನಿಂತಿತ್ತು. ಆರ್ಥರ್ ಇನ್ನೂ ಎದ್ದಿರಲಿಲ್ಲ. ಬಾಗಿಲಲ್ಲಿ ರೈತ ಬಂದು ನಿಂತ. ಅಕ್ಕನನ್ನು ನೋಡಿ ಟೋಪಿ ತೆಗೆದ. ಅಕ್ಕ ಏನೂ ಕೇಳದೆ ಮಳೆಕೋಟು ಹಾಕಿಕೊಂಡರು.

ಚರ್ಚಿನ ಬಳಿ ಹೋದಾಗ ಸ್ಮಶಾನದ ಪೂರ್ವದ ಗೋಡೆ ಕಾಣಿಸಲಿಲ್ಲ. ಒಂದು ಸಾಲಿನ ಗೋರಿಗಳು ಇರಲಿಲ್ಲ. ಅಂಚಿನಿಂದ ಹಿಂದೆ ನಿಂತು ಕತ್ತು ಚಾಚಿ ನೋಡಿದೆ. ಕೆಳಗೆ ಹಸಿ ಮಣ್ಣಿನ ಗುಪ್ಪೆ, ಅದರ ಮೇಲೆ ಒಡೆದ ಕಲ್ಲು, ಕೊಳೆತ ಹಲಗೆಯ ಚೂರು, ಮತ್ತೆ ಏನೋ ಹಳದಿಯಾದ ತೆಳ್ಳಗಿನದು. ನಾನು ತಿರುಗಿಬಿಟ್ಟೆ.

ಅಕ್ಕ ಪಾದ್ರಿಗೆ ಫೋನು ಮಾಡಿದರು. ಅವರು ದೂರದ ಊರಿನಲ್ಲಿದ್ದರು. ಮುಟ್ಟಬೇಡಿ, ಅದಕ್ಕೆ ಅನುಮತಿ ಬೇಕು, ಸೋಮವಾರ ಜನ ಬರುತ್ತಾರೆ ಎಂದರು. ಅಕ್ಕ ಕಡಲಿನ ಕಡೆ ನೋಡಿದರು. ಆಗ ಇಳಿತ, ಮಧ್ಯಾಹ್ನಕ್ಕೆ ಭರತ ಬರುತ್ತಿತ್ತು.

"ಸೋಮವಾರಕ್ಕೆ ಅಲ್ಲಿ ಏನೂ ಇರುದಿಲ್ಲ," ಎಂದು ಫೋನು ಇಟ್ಟರು. ಆರ್ಥರ್ ಅವರ ಹೆಂಡತಿ ಎಲ್ಲಿ ಬಿದ್ದಿದ್ದಾಳೆಂದು ಅಕ್ಕನಿಗೆ ಅನುಮಾನವಿರಲಿಲ್ಲ. ಒಂದೊಂದು ಗೋರಿಯನ್ನೂ ಅಳೆದು ಇಟ್ಟಿದ್ದವರು ಅವರೇ. ರೈತ ಟ್ರ್ಯಾಕ್ಟರಿನ ಹಗ್ಗ ತಂದು ಅವರ ಸೊಂಟಕ್ಕೆ ಕಟ್ಟಿದ. ಅಕ್ಕ ಹಾಲೆಂಡಿನಿಂದ ಸಾಮಾನು ತುಂಬಿಕೊಂಡು ಬಂದಿದ್ದ ದೊಡ್ಡ ಸೂಪರ್‌ಮಾರ್ಕೆಟ್ ಚೀಲವೊಂದನ್ನು ಹೆಗಲಿಗೆ ಹಾಕಿಕೊಂಡರು.

"ಅಕ್ಕ, ಬೇಡ! ಮೇಲಿಂದ ಇನ್ನೊಂದ್ ಸಲ ಬಿದ್ರೆ? ಪ್ಲೀಸ್ ಅಕ್ಕ!"

"ಸುಮ್ಮನೆ ಕೂಗ್ಬೇಡ. ಇಲ್ಲಿ ನಿಂತು ಹುಲ್ಲು ನೋಡ್ತಾ ಇರು. ಹೊಸ ಬಿರುಕು ಕಂಡರೆ ಆಗ ಕೂಗು."

ಹೀಗೆ ಅವರು ಪಕ್ಕದ ಇಳುಕಲಿನಲ್ಲಿ ಇಳಿದು, ನಾವು ಜನರಿಗೆ ಯಾವತ್ತೂ ಹೋಗಬೇಡಿ ಎಂದು ಹೇಳುವ ಜಾಗಕ್ಕೆ, ದರೆಯ ಬುಡಕ್ಕೆ ಹೋದರು. ನಾನು ಹುಲ್ಲಿನ ಮೇಲೆ ಕಣ್ಣಿಟ್ಟು ನಿಂತೆ. ರೆಪ್ಪೆ ಮಿಟುಕಿಸಲೂ ಭಯ. ಎರಡು ಸಲ ಹೆಂಟೆ ಉರುಳಿತು. ರೈತ ಬೈದ, ಹಗ್ಗ ಜಗ್ಗಿದ. ಅವರು ಮೇಲೆ ಬರಲಿಲ್ಲ. ಮೊಣಕಾಲೂರಿ ಕೂತು, ಕೈಯಿಂದಲೇ ಮಣ್ಣು ಬಿಡಿಸುತ್ತಿದ್ದರು. ಅಲೆಯ ನೊರೆ ಅವರ ಬೂಟು ಮುಟ್ಟಿ ಹಿಂದೆ ಸರಿಯುತ್ತಿತ್ತು. ಚೀಲ ನಿಧಾನಕ್ಕೆ ತುಂಬುತ್ತಿತ್ತು. ಆ ಚೀಲದ ಮೇಲೆ ಡಚ್ಚಿನಲ್ಲಿ ತಾಜಾ ತರಕಾರಿ ಎಂದು ಬರೆದಿತ್ತು. ಈಗಲೂ ಅಂಗಡಿಯಲ್ಲಿ ಆ ಅಕ್ಷರದ ಚೀಲ ಕೊಟ್ಟರೆ ನಾನು ಬೇಡವೆನ್ನುತ್ತೇನೆ.

ಮೇಲೆ ಬಂದಾಗ ಮೊಣಕೈವರೆಗೆ ಜೇಡಿಮಣ್ಣು. ಉಸಿರು ಕಟ್ಟಿತ್ತು. ರೈತ ಚೀಲ ಹೊರಲು ಕೈ ಚಾಚಿದ, ಅಕ್ಕ ಕೊಡಲಿಲ್ಲ.

ಆರ್ಥರ್ ಅಡುಗೆಮನೆಯಲ್ಲಿ ಕೂತಿದ್ದರು. ನಮ್ಮ ಮುಖ ನೋಡಿದರು, ಚೀಲ ನೋಡಿದರು. ಅಕ್ಕ ಇಂಗ್ಲಿಷಿನಲ್ಲಿ, ಶಾಲೆಯ ಹುಡುಗಿಯಂತೆ ನಿಂತು ಹೇಳಿದರು: "ಆರ್ಥರ್, ನನ್ನ ಲೆಕ್ಕ ತಪ್ಪಿತು. ಇವಳನ್ನು ಕರೆದುಕೊಂಡು ಬಂದಿದ್ದೇನೆ."

ಅಕ್ಕನ ಬಾಯಲ್ಲಿ ತಪ್ಪಿತು ಎಂಬ ಮಾತನ್ನು ನಾನು ಅದುವರೆಗೆ ಕೇಳಿರಲಿಲ್ಲ.

ಆರ್ಥರ್ ಎದ್ದು ಒಳಗೆ ಹೋದರು. ಬೀರು ತೆರೆದ ಸದ್ದು. ಒಗೆದು ಮಡಿಸಿಟ್ಟ ಬಿಳಿ ಹೊದಿಕೆಯೊಂದನ್ನು ತಂದು ಊಟದ ಮೇಜಿನ ಮೇಲೆ ಹಾಸಿ, ಸುಕ್ಕು ಸವರಿದರು. ನಾನು ಹೊರಗೆ ಬೇಲಿಯ ಪಕ್ಕಕ್ಕೆ ಓಡಿದೆ. ಸಾವಿನ ಮನೆಯಿಂದ ಬಂದರೆ ಹೊಸಿಲು ದಾಟುವ ಮುಂಚೆ ತಲೆಗೆ ನೀರು ಹುಯ್ದುಕೊಳ್ಳುವ ಮನೆಯಲ್ಲಿ ಬೆಳೆದವಳು ನಾನು. ತಿರುಗಿ ಒಳಗೆ ಬಂದಾಗ ಹೊದಿಕೆಯ ನಾಲ್ಕೂ ಮೂಲೆ ಮಡಿಸಿಯಾಗಿತ್ತು. ಅದರ ಪಕ್ಕದಲ್ಲೇ ಅಕ್ಕ, ಆರ್ಥರ್, ರೈತ ಮೂವರೂ ಚಹಾ ಕುಡಿಯುತ್ತಿದ್ದರು. ನನಗೂ ಒಂದು ಕಪ್ಪು ಇಟ್ಟಿದ್ದರು. ನಾನು ಮುಟ್ಟಲಾರದೆ ಬಾಗಿಲಲ್ಲೇ ನಿಂತೆ. ಅಕ್ಕ ಒತ್ತಾಯ ಮಾಡಲಿಲ್ಲ.

ಸೋಮವಾರ ಪಾದ್ರಿ ಬಂದು ಮೊದಲು ಕೋಪಿಸಿಕೊಂಡರು, ಆಮೇಲೆ ಮೇಜಿನ ಮೇಲಿದ್ದ ಹೊದಿಕೆ ನೋಡಿ ಸುಮ್ಮನಾದರು. ಒಳನಾಡಿನ ಪಕ್ಕದ ಹಳ್ಳಿಯಲ್ಲಿ, ಎತ್ತರದ ಗುಡ್ಡದ ಮೇಲಿನ ಚರ್ಚಿನ ಹಿಂದೆ ಅವಳನ್ನು ಮತ್ತೆ ಹೂಳಿದರು. ಅದೇ ವಾರ ಆರ್ಥರ್ ಮನೆ ಬಿಟ್ಟರು. ಯಾರೂ ಮತ್ತೆ ಹೇಳಬೇಕಾಗಲಿಲ್ಲ. ಗುಡ್ಡದ ಕೆಳಗೆ ಅವರಿಗೊಂದು ಪುಟ್ಟ ಮನೆ ಸಿಕ್ಕಿತು. ಎದುರು ಬೀದಿಯಲ್ಲಿ ಅಕ್ಕ ಒಂದು ಬಾಡಿಗೆ ಮನೆ ಹಿಡಿದರು. ಮುಂದಿನ ಚಳಿಗಾಲ ಮಿಡಲ್ ಲೇನಿನ ಕೊನೆಯ ಮನೆ ಹಾಡುಹಗಲೇ ಕೆಳಗೆ ಹೋಯಿತು. ಒಳಗೆ ಯಾರೂ ಇರಲಿಲ್ಲ.

ಆಮೇಲೆ ಆ ಫೋನು ಬಂತು.

ಅಕ್ಕನ ಬೂದಿಯನ್ನು ಏನು ಮಾಡುವುದೆಂದು ಉಳ್ಳಾಲದ ತಮ್ಮನನ್ನು ಕೇಳಿದೆ. ಊರಿಗೆ ಕಳಿಸಿ, ಕಡಲಿಗೆ ಬಿಡುತ್ತೇವೆ ಎಂದ. ಆದರೆ ಆಸ್ಪತ್ರೆಯಲ್ಲಿ ಅವರು ಆರ್ಥರ್‌ಗೆ ಸ್ಪಷ್ಟವಾಗಿ ಹೇಳಿದ್ದರು: ನೀರಿಗೆ ಬೇಡ, ಮಣ್ಣಿಗೆ ಹಾಕಿ. ಅದನ್ನು ಆತನಿಗೆ ಹೇಳುವಾಗ ನನ್ನ ನಾಲಿಗೆ ತೊದಲಿತು. ಆತ ಇಷ್ಟೇ ಕೇಳಿದ:

"ಎಲ್ಲಿ ಹಾಕುದು?"

"ಗುಡ್ಡದ ಮೇಲೆ. ಆರ್ಥರ್ ಅವರ ಹೆಂಡತಿ ಪಕ್ಕದಲ್ಲಿ ಜಾಗ ಕೊಡ್ತಾರಂತೆ. ಪಾದ್ರಿನೂ ಒಪ್ಪಿದಾರೆ."

"ಅವಳು ಹೇಳಿದ ಮೇಲೆ ಮುಗೀತು," ಎಂದ ತಮ್ಮ. ಆಮೇಲೆ ಅತ್ತ.

ಮೊನ್ನೆ ಆ ಗುಡ್ಡದ ಮೇಲೆ ನಾವು ಐದಾರು ಜನ ಸೇರಿದ್ದೆವು. ರೈತನೇ ಗುಂಡಿ ತೋಡಿದ್ದ. ತಮ್ಮ ನೋಡಬೇಕೆಂದದ್ದರಿಂದ ವೀಡಿಯೋ ಕರೆ ಮಾಡಿ ಫೋನನ್ನು ಗುಂಡಿಯ ಕಡೆ ಹಿಡಿದೆ. ಆತನಿದ್ದಲ್ಲಿ ಆಗ ಸಂಜೆ. ಆತ ಒದ್ದೆ ಪಂಚೆಯಲ್ಲಿ ನಿಂತಿದ್ದ. ಅಕ್ಕನ ಹೆಸರಿನಲ್ಲಿ ಮುಳುಗು ಹಾಕಲು ಉಳ್ಳಾಲದ ಕಡಲಿಗೆ ಇಳಿದಿದ್ದ. ಆತ ಏನೋ ಹೇಳಿದ, ಕೇಳಿಸಲಿಲ್ಲ. ಫೋನಿನ ತುಂಬ ಅಲೆಗಳ ಅಬ್ಬರ.

ನಾನು ಗಾಬರಿಯಾದೆ. ನೀರು ಬೇಡ ಎಂದು ಹೇಳಿ ಹೋದವರ ಗುಂಡಿಯ ಬಾಯಲ್ಲಿ ಕಡಲು ಮೊರೆಯುತ್ತಿತ್ತು. ಪಾದ್ರಿ ತೆರೆದ ಪುಸ್ತಕ ಹಿಡಿದು ನನ್ನತ್ತ ನೋಡಿದರು. ಸದ್ದು ನಿಲ್ಲಿಸಲು ಬೆರಳು ಚಾಚಿದೆ. ಆರ್ಥರ್ ನನ್ನ ಮಣಿಕಟ್ಟು ಹಿಡಿದರು. ಆ ಮುದಿ ಕೈಯಲ್ಲಿ ಅಷ್ಟು ಬಲವಿದೆಯೆಂದು ನನಗೆ ಗೊತ್ತಿರಲಿಲ್ಲ.

"ಇರಲಿ," ಎಂದರು. "ಗುಡ್ಡದ ಈಚೆ ಕಡಲು ಕೇಳಿಸುವುದಿಲ್ಲ. ಇಲ್ಲಿಗೆ ಬಂದ ಮೇಲೆ ನಾನು ಕೇಳಿಯೇ ಇಲ್ಲ."

ಫೋನನ್ನು ನನ್ನ ಕೈಯಿಂದ ತೆಗೆದುಕೊಂಡು ಕಿವಿಗೆ ಒತ್ತಿ ಹಿಡಿದರು. ಪರದೆಯ ಮೇಲೆ ತಮ್ಮನ ಮುಖ ಅವರ ಕೆನ್ನೆಗೆ ಅಂಟಿಕೊಂಡು ಕಾಣದಾಯಿತು. ಅವರು ಕಣ್ಣು ಮುಚ್ಚಿ ನಿಂತರು. ಪಾದ್ರಿ ಪುಸ್ತಕದ ನಡುವೆ ಬೆರಳಿಟ್ಟು ಮುಚ್ಚಿದರು. ರೈತ ಗುದ್ದಲಿ ನೆಲಕ್ಕೆ ಊರಿದ. ಆರ್ಥರ್ ಕೇಳಿ ಮುಗಿಸುವವರೆಗೆ ನಾವೆಲ್ಲ ಕಾದೆವು.